ಓಡದ ಬೋಗಿಯಲ್ಲಿ ಓಡಿದ ರೈಲು: 1936ರ ‘ನೈಟ್ ಮೇಲ್’ ಚಿತ್ರವನ್ನು ನೋಡುವ ಬಗೆ

ಕಳೆದ ಬೇಸಿಗೆಯಲ್ಲಿ ದೊಡ್ಡಪ್ಪ ಕೋಲಾರದ ನಮ್ಮ ಮನೆಗೆ ಬಂದಿದ್ದಾಗ ಅವರಿಗೆ ‘ನೈಟ್ ಮೇಲ್’ ಎಂಬ ಹಳೆಯ ಬ್ರಿಟಿಷ್ ಸಾಕ್ಷ್ಯಚಿತ್ರವನ್ನು ತೋರಿಸಿದೆ. 1936ರಲ್ಲಿ ತಯಾರಾದ, ಸುಮಾರು 24 ನಿಮಿಷದ ಕಪ್ಪು-ಬಿಳುಪು ಚಿತ್ರ ಅದು. ಲಂಡನ್ನಿನಿಂದ ಸ್ಕಾಟ್ಲೆಂಡಿಗೆ ರಾತ್ರಿಯಿಡೀ ಓಡುವ ಅಂಚೆ ರೈಲೊಂದರ ಪ್ರಯಾಣವೇ ಅದರ ವಸ್ತು. ದೊಡ್ಡಪ್ಪ ರೈಲ್ವೆ ಅಂಚೆ ಸೇವೆಯಲ್ಲಿ, ಎಂದರೆ ನಮ್ಮ ಕಡೆ ಎಲ್ಲರೂ ಆರ್‌ಎಂಎಸ್ ಎಂದೇ ಕರೆಯುವ ಸೇವೆಯಲ್ಲಿ, ಕಾಗದ ವಿಂಗಡಿಸುವ ಸಾರ್ಟರ್ ಆಗಿದ್ದವರು. ಬೆಂಗಳೂರು–ಮದ್ರಾಸ್ ಮೇಲ್‌ನ ಅಂಚೆ ಬೋಗಿಯಲ್ಲಿ ನಿಂತು ರಾತ್ರಿಗಳನ್ನು ಕಳೆದವರು. ಚಿತ್ರದ ಇಂಗ್ಲಿಷ್ ಅವರ ಕಿವಿಗೆ ಅಷ್ಟಾಗಿ ಹಿಡಿಯಲಿಲ್ಲ. ಆದರೆ ಸಾರ್ಟಿಂಗ್ ಬೋಗಿಯ ಒಳಗಿನ ದೃಶ್ಯ ಬಂದ ಕೂಡಲೇ ಅವರು ಕುರ್ಚಿಯಲ್ಲಿ ಮುಂದಕ್ಕೆ ಸರಿದು, “ಇವರು ಕೆಲಸ ಗೊತ್ತಿರೋರು ಕಣಪ್ಪ, ಕೈ ನೋಡು” ಎಂದರು. ಅವರು ಮೆಚ್ಚಿಕೊಂಡ ಆ ಬೋಗಿ ಓಡುತ್ತಲೇ ಇರಲಿಲ್ಲ, ಅದು ಸ್ಟುಡಿಯೋದಲ್ಲಿ ಕಟ್ಟಿ ನಿಲ್ಲಿಸಿದ ಸೆಟ್ ಎಂದು ನಾನು ಹೇಳಿದಾಗ ಅವರು ನಂಬಲಿಲ್ಲ. ಆ ಭಾಗವನ್ನು ಇನ್ನೊಮ್ಮೆ ಹಾಕಿಸಿ, ಕಣ್ಣು ಕಿರಿದು ಮಾಡಿ ನೋಡಿ, “ಬೋಗಿ ಸುಳ್ಳಾದರೂ ಕೈ ಸುಳ್ಳಲ್ಲ” ಎಂದರು.

ಹಳೆಯ ರೈಲು ಚಿತ್ರಗಳನ್ನು ನಾವು ಸಾಮಾನ್ಯವಾಗಿ ಹೊಗೆ, ಸಿಳ್ಳೆ, ಉಗಿಬಂಡಿಯ ನೆನಪಿಗಾಗಿ ನೋಡಿ ಬಿಟ್ಟುಬಿಡುತ್ತೇವೆ. ಈ ಚಿತ್ರದಲ್ಲಿ ಯಾವುದು ನಡೆದದ್ದು, ಯಾವುದು ನಡೆಸಿದ್ದು, ನಡೆಸಿದ್ದರ ಮೂಲಕವೇ ನಡೆದದ್ದನ್ನು ಹೇಗೆ ಕಾಣಿಸಲಾಯಿತು ಎಂಬುದನ್ನು ಬಿಡಿಸಿ ನೋಡಿದರೆ ಸಾಕ್ಷ್ಯಚಿತ್ರವೆಂಬ ಪ್ರಕಾರದ ಒಳಗುಟ್ಟು ಬಹಳಷ್ಟು ತಿಳಿಯುತ್ತದೆ. ಜೊತೆಗೆ ನಮ್ಮ ಬಂಗಾರಪೇಟೆ, ಕೋಲಾರ, ಚಿಕ್ಕಬಳ್ಳಾಪುರದ ಕಡೆ ರೈಲು ಹತ್ತಿಳಿದು ಬೆಳೆದವರ ಕಿವಿಗೆ ಪರಿಚಿತವಾದ ಒಂದು ಸದ್ದಿನ ಅರ್ಥವೂ ತಿಳಿಯುತ್ತದೆ.

ಮೊದಲು ಹಿನ್ನೆಲೆಯನ್ನು ಚುಟುಕಾಗಿ ಹೇಳಿಬಿಡುತ್ತೇನೆ. ಬ್ರಿಟನ್ನಿನ ಅಂಚೆ ಇಲಾಖೆ 1933ರಿಂದ ತನ್ನದೇ ಆದ ಚಲನಚಿತ್ರ ಘಟಕವೊಂದನ್ನು ನಡೆಸುತ್ತಿತ್ತು. ಅದರ ಮುಖ್ಯಸ್ಥ ಜಾನ್ ಗ್ರಿಯರ್‌ಸನ್. ಹ್ಯಾರಿ ವಾಟ್ ಮತ್ತು ಬೇಸಿಲ್ ರೈಟ್ ಈ ಚಿತ್ರದ ನಿರ್ದೇಶಕರು. ಧ್ವನಿಯ ಕೆಲಸದಲ್ಲಿ ಬ್ರೆಜಿಲ್ ಮೂಲದ ಆಲ್ಬರ್ಟೋ ಕವಲ್ಕಾಂಟಿ ಇದ್ದರು. ಸಂಗೀತ ಬೆಂಜಮಿನ್ ಬ್ರಿಟನ್‌ನದು, ಆಗ ಅವನಿಗೆ 22 ವರ್ಷ. ಕೊನೆಯ ಭಾಗದಲ್ಲಿ ಕೇಳುವ ಪದ್ಯವನ್ನು ಬರೆದವನು ಶಾಲೆಯ ಮಾಸ್ತರಿಕೆ ಬಿಟ್ಟು ಬಂದು ಆ ಘಟಕ ಸೇರಿದ್ದ ತರುಣ ಕವಿ ಡಬ್ಲ್ಯೂ. ಎಚ್. ಆಡೆನ್. ಮುಂದೆ ಇವರೆಲ್ಲ ತಮ್ಮ ತಮ್ಮ ಕ್ಷೇತ್ರದಲ್ಲಿ ದೊಡ್ಡ ಹೆಸರು ಮಾಡಿದರು. ಆದರೆ ಆ ಹೊತ್ತಿಗೆ ಇವರು ಒಂದು ಸರ್ಕಾರಿ ಇಲಾಖೆಯ ಪ್ರಚಾರ ಚಿತ್ರಕ್ಕಾಗಿ ದುಡಿಯುತ್ತಿದ್ದ ಎಳೆಯರು ಎಂಬುದನ್ನು ನೆನಪಿಡುವುದು ಮುಖ್ಯ.

ಇನ್ನು ರೈಲಿನ ವಿಷಯ. ಲಂಡನ್ನಿನ ಯೂಸ್ಟನ್ ನಿಲ್ದಾಣದಿಂದ ರಾತ್ರಿ ಎಂಟೂವರೆಗೆ ಹೊರಡುವ ಈ ಗಾಡಿಯಲ್ಲಿ ಪ್ರಯಾಣಿಕರಿಲ್ಲ. ಇಡೀ ಗಾಡಿ ಅಂಚೆಯದು. ಗ್ಲಾಸ್ಗೋ, ಎಡಿನ್‌ಬರೋ, ಅಬರ್ಡೀನ್‌ಗಳಿಗೆ ಹೋಗಬೇಕಾದ ಕಾಗದಗಳು ಅದರಲ್ಲಿ ಗೋಣಿಗಟ್ಟಲೆ ಇರುತ್ತವೆ. ದಾರಿಯುದ್ದಕ್ಕೂ ಇನ್ನಷ್ಟು ಬಂದು ಸೇರುತ್ತವೆ, ಅಷ್ಟೇ ಪ್ರಮಾಣದಲ್ಲಿ ಇಳಿಯುತ್ತಲೂ ಇರುತ್ತವೆ. ಈ ಗಾಡಿಯ ಸಲುವಾಗಿ ಬೇರೆ ಗಾಡಿಗಳು ಪಕ್ಕದ ಹಳಿಗೆ ಸರಿದು ಕಾಯುತ್ತವೆ, ಹಳಿ ದುರಸ್ತಿಯ ಕೂಲಿಗಳು ಸಲಿಕೆ ಹಿಡಿದು ಅಂಚಿಗೆ ಸರಿಯುತ್ತಾರೆ, ಸಿಗ್ನಲ್ ಕ್ಯಾಬಿನ್ನುಗಳಲ್ಲಿ ಒಬ್ಬರಿಂದ ಒಬ್ಬರಿಗೆ ಸುದ್ದಿ ಹಾಯುತ್ತದೆ. ಕ್ರೂ ಎಂಬ ದೊಡ್ಡ ಜಂಕ್ಷನ್ನಿನಲ್ಲಿ ಸುತ್ತಲ ಗಾಡಿಗಳ ಅಂಚೆ ಚೀಲಗಳೆಲ್ಲ ಈ ಗಾಡಿಗೆ ಏರುತ್ತವೆ. ಅಲ್ಲಿಂದ ಮುಂದಕ್ಕೆ ಇರುಳು, ಸ್ಕಾಟ್ಲೆಂಡಿನ ಬೀಟಾಕ್ ಏರು, ಬೆಳಗು.

ಓಡುವ ಗಾಡಿಯಲ್ಲೇ ಕಾಗದ ವಿಂಗಡಿಸುವುದು ಏಕೆ ಎಂಬುದನ್ನು ಇಂದಿನ ಓದುಗರಿಗೆ ಸ್ವಲ್ಪ ಬಿಡಿಸಿ ಹೇಳಬೇಕು. ಒಂದು ಊರಿನ ಅಂಚೆ ಕಚೇರಿಯಲ್ಲಿ ಕಾಗದವನ್ನು ಪೂರ್ತಿ ವಿಂಗಡಿಸಿ ಆಮೇಲೆ ಗಾಡಿಗೆ ಏರಿಸಿದರೆ ವಿಂಗಡಣೆಗೆ ಹಿಡಿದ ಹೊತ್ತೂ ಪ್ರಯಾಣದ ಹೊತ್ತೂ ಕೂಡಿ ಕಾಗದ ತಲುಪುವುದು ತಡವಾಗುತ್ತದೆ. ವಿಂಗಡಣೆಯನ್ನು ಗಾಡಿಯೊಳಗೇ ಮಾಡಿದರೆ ಪ್ರಯಾಣದ ಹೊತ್ತೇ ಕೆಲಸದ ಹೊತ್ತಾಗುತ್ತದೆ, ಒಂದು ರಾತ್ರಿ ಉಳಿಯುತ್ತದೆ. ಬ್ರಿಟನ್ನಿನಲ್ಲಿ ಇದು 1838ರಲ್ಲಿ ಶುರುವಾಯಿತು. ನಮ್ಮ ದೇಶದಲ್ಲಿ 1863ರಲ್ಲಿ ಅಲಹಾಬಾದ್ ಮತ್ತು ಕಾನ್ಪುರದ ನಡುವೆ ಮೊದಲ ಸಂಚಾರಿ ಸಾರ್ಟಿಂಗ್ ಕಚೇರಿ ಓಡಿತು; ಅದರ ಮರುವರ್ಷ, 1864ರಲ್ಲಿ, ಜೋಲಾರಪೇಟೆಯಿಂದ ಬೆಂಗಳೂರಿಗೆ ರೈಲು ಬಂತು. ಆ ಹಳಿಯ ಮೇಲಿನ ಬಂಗಾರಪೇಟೆಗೆ ಮೈಸೂರಿನ ಕಮಿಷನರ್ ಆಗಿದ್ದ ಬೌರಿಂಗ್‌ನಿಂದಾಗಿ ಬೌರಿಂಗ್‌ಪೇಟೆ ಎಂಬ ಹೆಸರಿತ್ತು. ದೊಡ್ಡಪ್ಪನ ಬಾಯಲ್ಲಿ ಇವತ್ತಿಗೂ ಒಮ್ಮೊಮ್ಮೆ ಅದೇ ಹೆಸರು ಬರುತ್ತದೆ, ಏಕೆಂದರೆ ಅವರಿಗೆ ಕೆಲಸ ಕಲಿಸಿದ ಹಿರಿಯರು ಹಾಗೇ ಕರೆಯುತ್ತಿದ್ದರಂತೆ.

ಚಿತ್ರದಲ್ಲಿ ನನಗೆ ಎಲ್ಲಕ್ಕಿಂತ ಮುಖ್ಯವೆನಿಸುವುದು ಚೀಲ ಬದಲಾಯಿಸುವ ದೃಶ್ಯ. ಗಾಡಿ ಎಲ್ಲ ಊರುಗಳಲ್ಲೂ ನಿಲ್ಲುವಂತಿಲ್ಲ. ನಿಂತರೆ ಉಳಿಸಿದ ರಾತ್ರಿ ಕೈತಪ್ಪುತ್ತದೆ. ಆದರೆ ಸಣ್ಣ ಊರಿಗೂ ಕಾಗದ ಕೊಡಬೇಕು, ಅಲ್ಲಿಂದಲೂ ಕಾಗದ ಪಡೆಯಬೇಕು. ಇದಕ್ಕಾಗಿ ಹಳಿಯ ಪಕ್ಕದಲ್ಲಿ ಕಂಬ ಮತ್ತು ಬಲೆ, ಬೋಗಿಯ ಪಕ್ಕದಲ್ಲಿಯೂ ಹೊರಕ್ಕೆ ಚಾಚುವ ತೋಳು ಮತ್ತು ಬಲೆ ಇರುತ್ತಿದ್ದವು. ಬೋಗಿಯ ತೋಳಿಗೆ ನೇತುಹಾಕಿದ ಚೀಲವನ್ನು ಹಳಿಪಕ್ಕದ ಬಲೆ ಕಿತ್ತುಕೊಳ್ಳುತ್ತದೆ. ಹಳಿಪಕ್ಕದ ಕಂಬಕ್ಕೆ ನೇತುಹಾಕಿದ ಚೀಲವನ್ನು ಬೋಗಿಯ ಬಲೆ ಕಿತ್ತುಕೊಳ್ಳುತ್ತದೆ. ಚೀಲ ಹರಿಯದಿರಲೆಂದು ದಪ್ಪ ಚರ್ಮದಲ್ಲಿ ಸುತ್ತಿ ಬಿಗಿಯಾಗಿ ಪಟ್ಟಿ ಕಟ್ಟುತ್ತಾರೆ. ಪೂರ್ಣ ವೇಗದಲ್ಲಿ ಓಡುವ ಗಾಡಿಗೆ ಆ ಚೀಲ ಬಂದು ಬೀಳುವ ರಭಸವನ್ನು ಚಿತ್ರದಲ್ಲಿ ನೋಡಿದರೆ ಅದರ ಎದುರಿಗೆ ಯಾರೂ ನಿಲ್ಲಬಾರದೆಂಬ ಎಚ್ಚರಿಕೆ ಬೇರೆ ಬೇಕಾಗುವುದಿಲ್ಲ. ಬ್ರಿಟನ್ನಿನಲ್ಲಿ ಈ ಪದ್ಧತಿ 1971ರವರೆಗೆ ನಡೆಯಿತು.

ತೋಳನ್ನು ಯಾವಾಗ ಚಾಚಬೇಕು ಎಂಬುದು ಇಲ್ಲಿನ ಕಷ್ಟ. ಬೇಗ ಚಾಚಿದರೆ ದಾರಿಯ ಸೇತುವೆಗೋ ಕಂಬಕ್ಕೋ ಬಡಿದು ಅನಾಹುತ. ತಡವಾದರೆ ಚೀಲ ಆ ಊರಿಗೆ ಸಿಗದೇ ಗಾಡಿ ಮುಂದೆ ಹೋಗುತ್ತದೆ. ಹೊರಗೆ ಕಗ್ಗತ್ತಲು. ಚಿತ್ರದಲ್ಲಿ ಹಿರಿಯನೊಬ್ಬ ಹೊಸಬನಿಗೆ ಹೇಳಿಕೊಡುವ ಲೆಕ್ಕ ಹೀಗಿದೆ: ಎರಡು ಸೇತುವೆ ದಾಟಲಿ, ಆಮೇಲೆ 45 ಬಡಿತ ಎಣಿಸು. ಮೊದಲ ಸಲ ನೋಡಿದಾಗ ನಾನು ಇದನ್ನು ಕಥೆಗೆ ಸೇರಿಸಿದ ಸೊಗಸೆಂದು ತಿಳಿದಿದ್ದೆ. ಅದು ಗಟ್ಟಿಯಾದ ಅಳತೆಗಾರಿಕೆ ಎಂಬುದು ನಿಧಾನವಾಗಿ ಹೊಳೆಯಿತು.

ಬಡಿತ ಎಂದರೆ ಗಾಲಿಯು ಹಳಿಯ ಕೀಲಿನ ಮೇಲೆ ಹಾಯುವಾಗ ಆಗುವ ಸದ್ದು. ಹಳೆಯ ಕಾಲದ ಹಳಿಗಳು ಒಂದೇ ಉದ್ದದ ತುಂಡುಗಳು. ಎರಡು ತುಂಡುಗಳ ನಡುವೆ ಸಣ್ಣ ಸಂದು ಬಿಟ್ಟು, ಎರಡೂ ಪಕ್ಕದಲ್ಲಿ ಫಿಶ್‌ಪ್ಲೇಟ್ ಎಂಬ ಕಬ್ಬಿಣದ ಪಟ್ಟಿ ಇಟ್ಟು ಬೋಲ್ಟು ಬಿಗಿಯುತ್ತಿದ್ದರು. ಸಂದು ಏಕೆಂದರೆ ಉಕ್ಕು ಬಿಸಿಲಿಗೆ ಹಿಗ್ಗುತ್ತದೆ. ನಮ್ಮಲ್ಲಿ ಬಳಕೆಯಲ್ಲಿದ್ದ 13 ಮೀಟರ್ ಉದ್ದದ ಹಳಿಯನ್ನೇ ತೆಗೆದುಕೊಂಡರೆ, ಚಳಿಗಾಲದ ನಸುಕಿಗೂ ಕೋಲಾರದ ಏಪ್ರಿಲ್ ಮಧ್ಯಾಹ್ನದಲ್ಲಿ ಕಾದ ಹಳಿಗೂ ನಡುವೆ ಶಾಖದ ಅಂತರ 40 ಡಿಗ್ರಿ ಸೆಲ್ಸಿಯಸ್ ಇದ್ದರೆ, ಆ ಒಂದು ಹಳಿ ಸುಮಾರು 6 ಮಿಲಿಮೀಟರ್ ಉದ್ದವಾಗುತ್ತದೆ. ಆ ಹಿಗ್ಗುವಿಕೆಗೆ ಎಡೆ ಇಲ್ಲದಿದ್ದರೆ ಹಳಿ ಪಕ್ಕಕ್ಕೆ ಬಾಗುತ್ತದೆ. ಎಡೆ ಬಿಟ್ಟದ್ದರಿಂದ ಪ್ರತಿ ಗಾಲಿಯೂ ಪ್ರತಿ ಸಂದಿನಲ್ಲಿ ಒಮ್ಮೆ ಕುಕ್ಕುತ್ತದೆ. ಬೋಗಿಯ ಜೋಡಿ ಗಾಲಿಗಳಿಂದಾಗಿ ನಮಗೆ ಕೇಳುವುದು ‘ಟಕ್-ಟಕ್’, ಸ್ವಲ್ಪ ಬಿಡುವು, ಮತ್ತೆ ‘ಟಕ್-ಟಕ್’.

ಹಳಿಯ ಉದ್ದ ಗೊತ್ತಿದ್ದರೆ ಈ ಸದ್ದೇ ಅಳತೆಗೋಲು. ಬ್ರಿಟನ್ನಿನಲ್ಲಿ ಆಗ ಬಳಕೆಗೆ ಬಂದಿದ್ದ 60 ಅಡಿಯ ಹಳಿ ಎಂದು ಹಿಡಿದರೆ 45 ಬಡಿತವೆಂದರೆ 2,700 ಅಡಿ, ಸುಮಾರು 820 ಮೀಟರ್. ಇಲ್ಲಿ ಗಡಿಯಾರ ಏಕೆ ಸಾಲದು ಎಂಬುದನ್ನು ಗಮನಿಸಬೇಕು. ಗಾಡಿ ಗಂಟೆಗೆ 60 ಮೈಲಿ ವೇಗದಲ್ಲಿದ್ದರೆ ಅಷ್ಟು ದೂರಕ್ಕೆ 31 ಸೆಕೆಂಡು ಸಾಕು. ಮಳೆ-ಗಾಳಿಯಿಂದಲೋ ಸಿಗ್ನಲ್‌ನಿಂದಲೋ ವೇಗ 40 ಮೈಲಿಗೆ ಇಳಿದಿದ್ದರೆ 46 ಸೆಕೆಂಡು ಬೇಕು. ಹೀಗಾಗಿ ಸೆಕೆಂಡು ಎಣಿಸುವವನು ತಪ್ಪುತ್ತಾನೆ. ಬಡಿತ ಎಣಿಸುವವನಿಗೆ ವೇಗದ ಗೊಡವೆಯೇ ಇಲ್ಲ. ಗಾಡಿ ಕುಂಟಲಿ, ಓಡಲಿ, 45ನೆಯ ಬಡಿತ ನೆಲದ ಅದೇ ಜಾಗದಲ್ಲಿ ಬೀಳುತ್ತದೆ. ಸೇತುವೆ ಬಂದಾಗ ಸದ್ದಿನ ಗುಣವೇ ಬದಲಾಗುವುದರಿಂದ ಕತ್ತಲಲ್ಲೂ ಅದು ಎಣಿಕೆಯ ಆರಂಭದ ಗುರುತಾಗುತ್ತದೆ. ಕಣ್ಣು ಕೆಲಸಕ್ಕೆ ಬಾರದ ಕಡೆ ಕಿವಿಯನ್ನು ಮೈಲಿಗಲ್ಲಾಗಿ ಮಾಡಿಕೊಂಡ ಆ ಅಂಚೆಯವರ ಬುದ್ಧಿಯನ್ನು ನಾನು ತುಂಬ ಗೌರವದಿಂದ ನೋಡುತ್ತೇನೆ.

ಇದೇ ಲೆಕ್ಕವನ್ನು ತಿರುವಿದರೆ ವೇಗವೂ ಸಿಗುತ್ತದೆ. 13 ಮೀಟರ್ ಹಳಿಯ ಮೇಲೆ 47 ಸೆಕೆಂಡುಗಳಲ್ಲಿ ಎಷ್ಟು ಸಂದು ದಾಟಿದಿರೋ ಗಾಡಿಯ ವೇಗ ಗಂಟೆಗೆ ಹೆಚ್ಚುಕಡಿಮೆ ಅಷ್ಟೇ ಕಿಲೋಮೀಟರ್. ಬಾಲ್ಯದಲ್ಲಿ ಬಂಗಾರಪೇಟೆಯಿಂದ ಬೆಂಗಳೂರಿಗೆ ಹೋಗುವಾಗ ದೊಡ್ಡಪ್ಪ ಕೈಗಡಿಯಾರ ಬಿಚ್ಚಿ ನನ್ನ ಅಂಗೈಗಿಟ್ಟು ಎಣಿಸಲು ಹೇಳುತ್ತಿದ್ದರು. ನಾನು ಮಾಲೂರು ಬರುವಷ್ಟರಲ್ಲಿ ಮೂರು ಸಲ ಲೆಕ್ಕ ತಪ್ಪಿ, ನಾಲ್ಕನೆಯ ಸಲಕ್ಕೆ ಐವತ್ತೆರಡು ಎಂದೋ ಐವತ್ತೈದು ಎಂದೋ ಹೇಳಿದರೆ ಅವರು ಕಿಟಕಿಯಾಚೆ ನೋಡಿ ಸರಿಯೆಂದು ತಲೆಯಾಡಿಸುತ್ತಿದ್ದರು.

ಈಗ ಸ್ಟುಡಿಯೋದ ವಿಷಯಕ್ಕೆ ಬರೋಣ. ಆ ಕಾಲದ ಕ್ಯಾಮೆರಾ, ಧ್ವನಿ ಮುದ್ರಿಸುವ ಯಂತ್ರ, ದೀಪಗಳು ಇವೆಲ್ಲ ಭಾರವಾದವು, ಜಾಗ ತಿನ್ನುವಂಥವು. ಇಕ್ಕಟ್ಟಾದ ಸಾರ್ಟಿಂಗ್ ಬೋಗಿಯಲ್ಲಿ, ನಿಜವಾದ ಕಾಗದಗಳನ್ನು ನಿಜವಾದ ಗಡುವಿನೊಳಗೆ ವಿಂಗಡಿಸುತ್ತಿರುವ ಜನರ ನಡುವೆ ಇವನ್ನೆಲ್ಲ ಹೂಡುವುದು ಆಗುವ ಮಾತಾಗಿರಲಿಲ್ಲ. ಆದ್ದರಿಂದ ಬೋಗಿಯ ಒಳಭಾಗವನ್ನು ಸ್ಟುಡಿಯೋದಲ್ಲಿ ಮತ್ತೆ ಕಟ್ಟಿದರು. ಆದರೆ ಅದರೊಳಗೆ ನಿಲ್ಲಿಸಿದ್ದು ನಟರನ್ನಲ್ಲ, ಅಂಚೆ ಇಲಾಖೆಯ ನೌಕರರನ್ನೇ. ಅವರು ಕೈಯಲ್ಲಿ ಹಿಡಿದ ಕಟ್ಟಿನಿಂದ ಕಾಗದಗಳನ್ನು ಒಂದೊಂದಾಗಿ ಎದುರಿನ ಗೂಡುಗಳಿಗೆ ಎಸೆಯುವ ರೀತಿ ಅವರ ನಿತ್ಯದ ಕೆಲಸದ ರೀತಿಯೇ.

ನಿಂತ ಬೋಗಿಯನ್ನು ಓಡಿಸಿದ್ದು ಹೇಗೆ? ಕಾಗದದ ಕಟ್ಟುಗಳನ್ನು ಬಿಗಿಯಲು ಸಾರ್ಟರುಗಳಿಗೆ ದಾರ ಬೇಕು. ದಾರದ ಉಂಡೆಗಳು ಮೇಲಿನಿಂದ ತೂಗುಬಿದ್ದಿರುತ್ತವೆ. ಸ್ಟುಡಿಯೋದಲ್ಲಿ ಆ ಉಂಡೆಗಳನ್ನು ಅತ್ತಿತ್ತ ತೂಗಿಸಿದರು, ನೌಕರರಿಗೆ ಮೈಯನ್ನು ತುಸು ಓಲಾಡಿಸುತ್ತ ನಿಲ್ಲಲು ಹೇಳಿದರು. ಅಷ್ಟಕ್ಕೇ ಇಡೀ ಬೋಗಿ ಗಂಟೆಗೆ 60 ಮೈಲಿ ಓಡುತ್ತಿದೆ ಎಂದು ನಮ್ಮ ಕಣ್ಣು ಒಪ್ಪಿಕೊಳ್ಳುತ್ತದೆ. ಇದರ ಹಿಂದಿನ ಕಾರಣ ಸರಳ. ಬೋಗಿ ಅಲುಗಿದಾಗ ತೂಗುಬಿದ್ದ ವಸ್ತು ಇದ್ದಲ್ಲೇ ಇರಲು ನೋಡುತ್ತದೆ, ಬೋಗಿಯೇ ಅದರ ಸುತ್ತ ಸರಿಯುತ್ತದೆ. ಒಳಗಿದ್ದವರಿಗೆ ಮಾತ್ರ ವಸ್ತು ತೂಗಿದಂತೆ ಕಾಣುತ್ತದೆ. ಎರಡರ ನಡುವಿನ ಸರಿತವಷ್ಟೇ ಕಣ್ಣಿಗೆ ಸಿಗುವುದರಿಂದ ಯಾವುದು ನಿಂತಿದೆ, ಯಾವುದು ಚಲಿಸುತ್ತಿದೆ ಎಂಬುದನ್ನು ಕಣ್ಣು ಊಹಿಸಿಕೊಳ್ಳಬೇಕು. ಬಂಗಾರಪೇಟೆ ಜಂಕ್ಷನ್ನಿನಲ್ಲಿ ಪಕ್ಕದ ಹಳಿಯ ಗಾಡಿ ಹೊರಟಾಗ ನಮ್ಮ ಗಾಡಿಯೇ ಹೊರಟಿತೆಂದು ಬೆಚ್ಚಿಬಿದ್ದವರಿಗೆ ಈ ಊಹೆ ಎಷ್ಟು ಸುಲಭವಾಗಿ ಮೋಸಹೋಗುತ್ತದೆ ಎಂಬುದು ಗೊತ್ತು. ಚಿತ್ರದವರು ಈ ದೌರ್ಬಲ್ಯವನ್ನು ಬಲ್ಲವರಾಗಿದ್ದರು.

ಇಲ್ಲಿ ಒಂದು ಪ್ರಶ್ನೆ ಏಳುವುದು ಸಹಜ: ಸೆಟ್ ಹಾಕಿ ತೆಗೆದದ್ದು ಸಾಕ್ಷ್ಯಚಿತ್ರ ಹೇಗಾಯಿತು? ಕನ್ನಡದಲ್ಲಿ ನಾವು ಹಿಡಿದಿರುವ ಪದ ಈ ಪ್ರಶ್ನೆಯನ್ನು ಇನ್ನಷ್ಟು ಮೊನಚು ಮಾಡುತ್ತದೆ. ಸಾಕ್ಷ್ಯ ಎಂದರೆ ಕಟಕಟೆಯ ಮಾತು; ಕಂಡದ್ದನ್ನು ಕಂಡಂತೆ ಹೇಳುತ್ತೇನೆಂಬ ಪ್ರಮಾಣ ಅದರಲ್ಲಿದೆ. ಗ್ರಿಯರ್‌ಸನ್ ಈ ಪ್ರಕಾರವನ್ನು ವಾಸ್ತವದ ಸೃಜನಶೀಲ ನಿರ್ವಹಣೆ ಎಂಬರ್ಥದಲ್ಲಿ ಬಣ್ಣಿಸಿದ್ದ. ಅವನ ದೃಷ್ಟಿಯಲ್ಲಿ ಕ್ಯಾಮೆರಾ ಹೂಡಿ ಎದುರಿಗಿದ್ದುದನ್ನು ಹಿಡಿದರೆ ಅದು ಬರಿಯ ದಾಖಲೆ. ಅದನ್ನು ಆರಿಸಿ, ಜೋಡಿಸಿ, ಬೇಕಾದರೆ ಮತ್ತೆ ನಡೆಸಿ, ಅದರ ಒಳಗಿನ ಅರ್ಥವನ್ನು ಹೊರತಂದರೆ ಮಾತ್ರ ಕಲೆ. ನಾನು ಈ ಮಾತನ್ನು ಪೂರ್ತಿಯಾಗಿ ಒಪ್ಪುವವನಲ್ಲ, ಏಕೆಂದರೆ ಇದೇ ಮಾತಿನ ಮರೆಯಲ್ಲಿ ಏನನ್ನು ಬೇಕಾದರೂ ನಡೆಸಿ ನಿಜವೆಂದು ತೋರಿಸಬಹುದು. ಆದರೆ ಈ ಚಿತ್ರದ ಮಟ್ಟಿಗೆ ದೊಡ್ಡಪ್ಪನ ಪರೀಕ್ಷೆ ನನಗೆ ಸಮ್ಮತ. ಜಾಗ ಕಟ್ಟಿದ್ದು, ಓಲಾಟ ಮಾಡಿಸಿದ್ದು. ಕೆಲಸ ಮಾತ್ರ ಅದನ್ನು ಬಲ್ಲವರು ಮಾಡಿದ್ದು. ಚಿತ್ರ ಸಾಕ್ಷಿ ಹೇಳುತ್ತಿರುವುದು ಬೋಗಿಯ ಕುರಿತಾಗಿಯಲ್ಲ, ಆ ಕೆಲಸದ ಕುರಿತು. ಆ ವಿಷಯದಲ್ಲಿ ಅದು ಸುಳ್ಳಾಡಿಲ್ಲ ಎಂದು ದೂರದ ಮದ್ರಾಸ್ ಮೇಲ್‌ನ ಸಾರ್ಟರ್ ಒಬ್ಬರು, ಭಾಷೆ ತಿಳಿಯದೆಯೂ, ಹೇಳಬಲ್ಲವರಾದರು.

ಧ್ವನಿಯ ಕಥೆ ಇನ್ನೂ ಸೋಜಿಗದ್ದು. ಮೇಲೆ ಹೇಳಿದ ಹಳಿಯ ಬಡಿತವೇ ಚಿತ್ರದ ಜೀವ. ಎಣಿಕೆಯ ದೃಶ್ಯವಂತೂ ಅದರ ಮೇಲೆಯೇ ನಿಂತಿದೆ. ಆದರೆ ನಿಜವಾದ ಗಾಡಿಯಲ್ಲಿ ಅದನ್ನು ಮುದ್ರಿಸಲು ಹೋದಾಗ ಬೇಕಾದಂತೆ ಬರಲಿಲ್ಲ. ನಾವು ಬೋಗಿಯಲ್ಲಿ ಕುಳಿತಾಗ ಗಾಳಿಯ ಮೊರೆತ, ಕಬ್ಬಿಣದ ಗಡಗಡ, ಬಾಗಿಲಿನ ಅದಿರಾಟ ಇವುಗಳ ನಡುವಿನಿಂದ ಬಡಿತವನ್ನು ನಮ್ಮ ಮನಸ್ಸು ಆರಿಸಿ ಕೇಳಿಸಿಕೊಳ್ಳುತ್ತದೆ. ಮೈಕಿಗೆ ಆ ಆಯ್ಕೆ ಇಲ್ಲ, ಅದು ಎಲ್ಲವನ್ನೂ ಒಟ್ಟಿಗೆ ನುಂಗುತ್ತದೆ. ಕೊನೆಗೆ ಮಾದರಿ ರೈಲೊಂದನ್ನು ಸಣ್ಣ ಹಳಿಯ ಮೇಲೆ ಓಡಿಸಿ ಆ ಸದ್ದನ್ನು ಹಿಡಿದರು. ಎಂದರೆ ನಾವು ಚಿತ್ರದಲ್ಲಿ ಕೇಳುವ ಮಹಾಗಾಡಿಯ ಬಡಿತ ಮಕ್ಕಳಾಟಿಕೆಯಂಥ ಗಾಡಿಯದು. ದೊಡ್ಡಪ್ಪನಿಗೆ ಇದನ್ನು ಹೇಳಿದಾಗ ಅವರು ಬೇಸರಪಡುತ್ತಾರೆಂದುಕೊಂಡಿದ್ದೆ. ಅವರು ಕಣ್ಣು ಮುಚ್ಚಿ ಇನ್ನೊಮ್ಮೆ ಕೇಳಿ, ರಾತ್ರಿ ಎರಡು ಗಂಟೆಯ ಮೇಲೆ ಬೋಗಿಯಲ್ಲಿ ತಮಗೆ ಕೇಳುತ್ತಿದ್ದುದು ಹೀಗೆಯೇ, ಬೇರೆ ಸದ್ದುಗಳೆಲ್ಲ ಆ ಹೊತ್ತಿಗೆ ಕಿವಿಯಿಂದ ಬಿದ್ದುಹೋಗಿರುತ್ತಿದ್ದವು ಎಂದರು.

ಬೀಟಾಕ್ ಏರಿನಲ್ಲಿ ಪದ್ಯ ಶುರುವಾಗುತ್ತದೆ. ಅಲ್ಲಿಯವರೆಗೆ ವಿವರ ಕೊಡುತ್ತಿದ್ದ ಚಿತ್ರ ಅಲ್ಲಿಂದ ಹಾಡಿನ ನಡೆಗೆ ಹೊರಳುತ್ತದೆ. ಆಡೆನ್‌ನ ಸಾಲುಗಳು ಗಾಲಿಯ ಬಡಿತಕ್ಕೆ ಹೊಂದುವಂತೆ ಸಾಲಿಗೆ ನಾಲ್ಕು ಒತ್ತುಗಳಲ್ಲಿ ಸಾಗುತ್ತವೆ. ನಮ್ಮ ಕಿವಿಗೆ ಹೇಳಬೇಕೆಂದರೆ, ನಾಲ್ಕು ನಾಲ್ಕು ಮಾತ್ರೆಯ ಗಣಗಳಲ್ಲಿ ನಡೆಯುವ ಕನ್ನಡ ಪದ್ಯವನ್ನು ತಾಳ ಹಾಕಿಕೊಂಡು ಓದಿದಂತೆ. ವ್ಯತ್ಯಾಸವೆಂದರೆ ನಮ್ಮಲ್ಲಿ ಉಚ್ಚಾರದ ಕಾಲವನ್ನು ಅಳೆಯುತ್ತೇವೆ, ಇಂಗ್ಲಿಷಿನಲ್ಲಿ ಒತ್ತು ಬಿದ್ದ ಅಕ್ಷರಗಳನ್ನು ಎಣಿಸುತ್ತಾರೆ. ಏರಿನಲ್ಲಿ ಪದ್ಯ ಗಾಡಿಯ ಜೊತೆ ಏದುತ್ತದೆ. ಏರು ಮುಗಿದು ಇಳಿಜಾರು ಸಿಕ್ಕಿದ ಮೇಲೆ ಯಾರು ಯಾರಿಗೆ ಬರೆದ ಎಂಥೆಂಥ ಕಾಗದಗಳು ಈ ಚೀಲಗಳಲ್ಲಿವೆ ಎಂಬ ಪಟ್ಟಿ ಬರುತ್ತದೆ, ಸಾಲುಗಳು ಚಿಕ್ಕದಾಗುತ್ತವೆ, ಪ್ರಾಸಗಳು ಒತ್ತೊತ್ತಾಗಿ ಬೀಳುತ್ತವೆ, ಓದುವವನ ದನಿ ಉಸಿರು ಬಿಡಲೂ ಬಿಡುವಿಲ್ಲದಂತೆ ಓಡುತ್ತದೆ. ಸಂಗೀತ ಕೂಡಿಸಿದ ಬೆಂಜಮಿನ್ ಬ್ರಿಟನ್ ಇದಕ್ಕೆ ದೊಡ್ಡ ವಾದ್ಯವೃಂದವನ್ನು ಕೂಡಿಸಲಿಲ್ಲ. ಕೆಲವೇ ವಾದ್ಯಗಳ ಜೊತೆಗೆ ಮರಳುಕಾಗದದ ಉಜ್ಜಾಟ, ಗಾಳಿಯಂತ್ರದ ಮೊರೆತ ಇಂಥವನ್ನು ಬಳಸಿಕೊಂಡು ಉಗಿಯ ಬುಸುಗುಟ್ಟುವಿಕೆಯನ್ನೂ ಗಾಲಿಯ ಉರುಳನ್ನೂ ಕಟ್ಟಿದ. ಕೊನೆಗೆ ಎಲ್ಲವೂ ನಿಧಾನವಾಗಿ, ದನಿಯೂ ಬದಲಾಗಿ, ಇನ್ನೂ ನಿದ್ದೆಯಲ್ಲಿರುವ ಊರುಗಳ ಜನ ಎದ್ದೊಡನೆ ಅಂಚೆಯವನ ಬಡಿತಕ್ಕಾಗಿ ಕಾಯುತ್ತಾರೆಂಬ ಮಾತಿಗೆ ಬಂದು ನಿಲ್ಲುತ್ತದೆ. ಹಳಿಯ ಬಡಿತದಿಂದ ಹೊರಟ ಚಿತ್ರ ಬಾಗಿಲಿನ ಬಡಿತಕ್ಕೆ ಬಂದು ಸೇರುವುದನ್ನು ಗಮನಿಸಬೇಕು. ನಡುವಿನ ಅಷ್ಟೆಲ್ಲ ದುಡಿಮೆ ಆ ಒಂದು ಬಡಿತಕ್ಕಾಗಿ.

ಇಷ್ಟು ಮೆಚ್ಚಿಕೊಂಡ ಮೇಲೆ ಚಿತ್ರ ಏನನ್ನು ತೋರಿಸುವುದಿಲ್ಲ ಎಂಬುದನ್ನೂ ಹೇಳಬೇಕು. ಇಲಾಖೆಯ ದುಡ್ಡಿನಲ್ಲಿ ಇಲಾಖೆಯ ಒಳ್ಳೆಯ ಹೆಸರಿಗಾಗಿ ತೆಗೆದ ಚಿತ್ರ ಇದು. ರಾತ್ರಿಪಾಳಿಯವರ ಸಂಬಳದ ಮಾತು ಇದರಲ್ಲಿಲ್ಲ, ನಿಂತೂ ನಿಂತೂ ಊದಿಕೊಳ್ಳುವ ಕಾಲುಗಳಿಲ್ಲ. ಸಾರ್ಟರುಗಳಿಗೆ ಬೇಸರವಾದಂತೆ ಕಾಣುವುದಿಲ್ಲ. ಸ್ವಾತಂತ್ರ್ಯಾನಂತರ ನಮ್ಮಲ್ಲಿ 1948ರಲ್ಲಿ ಹುಟ್ಟಿದ ಫಿಲ್ಮ್ಸ್ ಡಿವಿಷನ್ ಇದೇ ಮಾದರಿಯ ಮುಂದುವರಿಕೆ. ಕೋಲಾರದ ಟಾಕೀಸುಗಳಲ್ಲಿ ಮುಖ್ಯ ಚಿತ್ರಕ್ಕೆ ಮೊದಲು ಕಡ್ಡಾಯವಾಗಿ ತೋರಿಸುತ್ತಿದ್ದ ಅಣೆಕಟ್ಟು, ಕಾರ್ಖಾನೆ, ರೈಲಿನ ಚಿತ್ರಗಳನ್ನು ನೋಡಿದ ತಲೆಮಾರಿಗೆ ಆ ಗಂಭೀರ ದನಿ ನೆನಪಿರುತ್ತದೆ. ಆ ಚಿತ್ರಗಳಲ್ಲಿ ಎಷ್ಟೋ ಕಡೆ ದನಿಯೇ ಮುಂದಿದ್ದು ದುಡಿಯುವವನು ಹಿಂದಿರುತ್ತಾನೆ. ‘ನೈಟ್ ಮೇಲ್’ ಉಳಿದುಕೊಂಡದ್ದು ಅದರಲ್ಲಿ ದುಡಿಯುವವನ ಕೈ ಮುಂದಿರುವುದರಿಂದ ಎಂದು ನನಗೆ ಅನ್ನಿಸುತ್ತದೆ.

ಆ ಕೈಯಲ್ಲಿ ಎಷ್ಟು ತಿಳಿವಳಿಕೆ ಅಡಗಿರುತ್ತದೆ ಎಂಬುದನ್ನು ಹೇಳಲು ಚಿತ್ರಕ್ಕೆ ಹೊತ್ತು ಸಾಲುವುದಿಲ್ಲ. ದೊಡ್ಡಪ್ಪನಿಂದ ಕೇಳಿದ್ದನ್ನು ಇಲ್ಲಿ ಸೇರಿಸುತ್ತೇನೆ. ಪಿನ್‌ಕೋಡ್ ಬಂದದ್ದು 1972ರ ಆಗಸ್ಟ್ 15ರಂದು. ಅದಕ್ಕೂ ಮೊದಲು ಸಾರ್ಟರನಿಗೆ ಆಧಾರ ವಿಳಾಸದ ಅಕ್ಷರಗಳು ಮಾತ್ರ. ‘ಹೊಸಹಳ್ಳಿ, ಕೋಲಾರ ಜಿಲ್ಲೆ’ ಎಂದಷ್ಟೇ ಬರೆದ ಕಾರ್ಡು ಬಂದರೆ ಯಾವ ಹೊಸಹಳ್ಳಿ? ಹೊಸಹಳ್ಳಿ, ಗೊಲ್ಲಹಳ್ಳಿ, ಕುರುಬರಹಳ್ಳಿಗಳು ಪ್ರತಿ ತಾಲ್ಲೂಕಿನಲ್ಲೂ ಇವೆ. ಆಗಿನ ಕೋಲಾರ ಜಿಲ್ಲೆಯಲ್ಲಿ ಈಗಿನ ಚಿಕ್ಕಬಳ್ಳಾಪುರ ಜಿಲ್ಲೆಯೂ ಸೇರಿತ್ತು. ಅದು ಬೇರೆಯಾದದ್ದು 2007ರಲ್ಲಿ. ವಿಳಾಸ ಕನ್ನಡದಲ್ಲಿರಬಹುದು, ತೆಲುಗಿನಲ್ಲಿರಬಹುದು, ಕೆಜಿಎಫ್‌ಗೆ ಹೋಗುವ ಕಾಗದವಾದರೆ ತಮಿಳಿನಲ್ಲಿರಬಹುದು. ಬರೆದವನ ಊರಿನ ಮುದ್ರೆ, ಪಡೆಯುವವನ ಹೆಸರಿನ ಹಿಂದಿನ ಊರಿನ ಅಕ್ಷರ, ‘ಮೂಲಕ’ ಎಂದು ಬರೆದ ದೊಡ್ಡ ಊರು ಇವನ್ನೆಲ್ಲ ಒಂದು ಕ್ಷಣದಲ್ಲಿ ಹೊಂದಿಸಿಕೊಂಡು ಕೈ ಗೂಡಿನ ಕಡೆ ಹೋಗಬೇಕು, ಅದೂ ಓಲಾಡುವ ಬೋಗಿಯಲ್ಲಿ, ಮುಂದಿನ ನಿಲ್ದಾಣ ಬರುವುದರೊಳಗೆ ಆ ಊರಿನ ಚೀಲಕ್ಕೆ ಅರಗಿನ ಮುದ್ರೆ ಬೀಳುವ ಮೊದಲು. ಪಿನ್‌ಕೋಡ್ ಬಂದ ಮೇಲೆ ಈ ತಿಳಿವಳಿಕೆ ಆರು ಅಂಕಿಗಳಿಗೆ ಇಳಿಯಿತು. ಮೊದಲ ಅಂಕಿ ವಲಯ, ಮೊದಲ ಮೂರು ಅಂಕಿ ಸೇರಿದರೆ ವಿಂಗಡಣೆಯ ಜಿಲ್ಲೆ, ಕೊನೆಯ ಮೂರು ಬಟವಾಡೆಯ ಕಚೇರಿ: ಕೋಲಾರ 563101. ಜಿಲ್ಲೆ ಒಡೆದರೂ ಅಂಚೆಯ ಭೂಗೋಳ ಒಡೆಯಲಿಲ್ಲ. ಚಿಂತಾಮಣಿ ಈಗ ಚಿಕ್ಕಬಳ್ಳಾಪುರ ಜಿಲ್ಲೆಯಲ್ಲಿದ್ದರೂ ಅದರ ಅಂಕಿ ಇವತ್ತಿಗೂ 563ರಿಂದಲೇ ಶುರುವಾಗುತ್ತದೆ.

ಬಡಿತದ ಸದ್ದಿಗೂ ಕಾಲ ಮುಗಿಯುತ್ತ ಬಂದಿದೆ. ಬಂಗಾರಪೇಟೆಯಿಂದ ಕೋಲಾರ, ಶ್ರೀನಿವಾಸಪುರ, ಚಿಂತಾಮಣಿ, ಶಿಡ್ಲಘಟ್ಟ, ಚಿಕ್ಕಬಳ್ಳಾಪುರದ ಮೇಲೆ ಯಲಹಂಕದವರೆಗೆ ಎರಡೂವರೆ ಅಡಿ ಅಗಲದ ಪುಟ್ಟ ಹಳಿಯ ಮೇಲೆ ಓಡುತ್ತಿದ್ದ ಗಾಡಿ ಈಗಿಲ್ಲ. ಕೋಲಾರ–ಚಿಕ್ಕಬಳ್ಳಾಪುರದ ನಡುವೆ ದೊಡ್ಡ ಹಳಿಯ ಗಾಡಿ ಓಡತೊಡಗಿದ್ದು 2013ರಲ್ಲಿ. ಈಚಿನ ಹಳಿಗಳನ್ನು ತುಂಡು ತುಂಡಾಗಿ ಜೋಡಿಸುವ ಬದಲು ಬಹು ಉದ್ದಕ್ಕೆ ಒಂದಾಗಿ ಬೆಸೆಯುತ್ತಾರೆ. ಹಿಗ್ಗುವ ಒತ್ತಡವನ್ನು ಕಾಂಕ್ರೀಟಿನ ಸ್ಲೀಪರುಗಳೂ ಜಲ್ಲಿಯೂ ಹಿಡಿದು ತಡೆಯುತ್ತವೆ. ಗಾಡಿಗೂ ಹಳಿಗೂ ಇದು ಬಹಳ ಒಳ್ಳೆಯದು, ಸವೆತ ಕಡಿಮೆ, ಕುಲುಕಾಟ ಕಡಿಮೆ. ಸಂದಿನ ಸದ್ದು ಮಾತ್ರ ನಿಲ್ದಾಣದ ಹತ್ತಿರ, ಹಳಿ ಕವಲೊಡೆಯುವ ಕಡೆ, ಅಲ್ಲಲ್ಲಿ ಒಂದಷ್ಟು ಕೇಳಿ ನಿಂತುಬಿಡುತ್ತದೆ.

ಚಿತ್ರ ನೋಡಿದ ಮರುವಾರ ದೊಡ್ಡಪ್ಪನನ್ನು ಕರೆದುಕೊಂಡು ಕೋಲಾರದಿಂದ ಚಿಂತಾಮಣಿಗೆ ರೈಲಿನಲ್ಲಿ ಹೋದೆ. ಅವರು ಕಿಟಕಿಯ ಪಕ್ಕ ಕುಳಿತು ಅಭ್ಯಾಸಬಲದಿಂದ ಗಡಿಯಾರ ಬಿಚ್ಚಿ ಅಂಗೈಯಲ್ಲಿಟ್ಟುಕೊಂಡರು. ನಿಲ್ದಾಣದ ಕವಲುಗಳಲ್ಲಿ ಮೂರು, ನಾಲ್ಕು, ಐದು ಎಂದು ಬೆರಳು ಮಡಿಸಿದರು. ಗಾಡಿ ಬಯಲಿಗೆ ಬಂದು ವೇಗ ಹಿಡಿಯಿತು. ಐದಕ್ಕೆ ನಿಂತ ಬೆರಳನ್ನು ಅವರು ಶ್ರೀನಿವಾಸಪುರ ಬರುವವರೆಗೂ ಬಿಚ್ಚಲಿಲ್ಲ.